ಕಂಡವರ ಹೊಣೆ

‘ಗಂಡಹೆಂಡಿರ ಜಗಳ ಉಂಡು ಮಲಗುವ ತನಕ’ ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ಸರಸವಿರಸಗಳು ಸಮಸಮವಾಗಿ ನಡೆಯುವ ಸಂಸಾರದ ಮಟ್ಟಿಗೆ ಈ ಮಾತು ದಿಟವೇ ಆಗಿದೆ. ಆದರೆ ಒಬ್ಬರ ಕೈ ಮಾತ್ರ ಮೇಲೇಳುವ, ಇನ್ನೊಬ್ಬರ ತಲೆ ಮಾತ್ರ ತಗ್ಗುವ ಮನೆಯ ವಿಷಯದಲ್ಲಿಯೂ ಇದೇ ಗಾದೆಯನ್ನು ಹೇಳಿ ನೆರೆಯವರು ತಮ್ಮ ಬಾಗಿಲನ್ನು ಮುಚ್ಚಿಕೊಳ್ಳುವುದುಂಟು. ಅಂತಹ ಮನೆಯೊಳಗೆ ಇಣುಕಿ ನೋಡಿದ ಕೃತಿಗಳು ಕನ್ನಡದಲ್ಲಿ ಹಿಂದಿನಿಂದಲೂ ಇವೆ. ಇತ್ತೀಚೆಗೆ ಅವುಗಳ ಸಂಖ್ಯೆಯೂ ಹೆಚ್ಚಿದೆ. ಅವುಗಳಲ್ಲಿ ಕೆಲವನ್ನು ಆಯ್ದುಕೊಂಡು, ಅವುಗಳ ಬೆಲೆಯನ್ನು ಯಾವ ಅಳತೆಗೋಲಿನಿಂದ ನಿರ್ಣಯಿಸಬೇಕೆಂಬುದನ್ನು ವಿಚಾರಿಸುವುದು ಈ ಲೇಖನದ ಉದ್ದೇಶ.

ಇಂತಹ ಗ್ರಂಥಗಳ ಬಗ್ಗೆ ನಮ್ಮ ವಾಚಕವರ್ಗವು ಸಾಮಾನ್ಯವಾಗಿ ಕೇಳುವ ಪ್ರಶ್ನೆ ಒಂದೇ: ಓದುವಾಗ ಕಣ್ಣು ತುಂಬಿತೆ? ತುಂಬಿದರೆ ಕೃತಿ ಒಳ್ಳೆಯದು, ಇಲ್ಲವಾದರೆ ನೀರಸ. ಈ ಅಳತೆ ಸಾಲದೆಂಬುದೇ ನಮ್ಮ ವಾದ. ಸೊಸೆಯೊಬ್ಬಳನ್ನು ಹದಿನೆಂಟು ಪ್ರಕರಣಗಳ ಉದ್ದಕ್ಕೂ ಗೋಳಾಡಿಸಿ, ಹತ್ತೊಂಬತ್ತನೆಯದರಲ್ಲಿ ಗಂಡನಿಗೆ ಪಶ್ಚಾತ್ತಾಪವನ್ನು ತಂದುಕೊಟ್ಟು ಮಂಗಳ ಹಾಡುವ ಕಾದಂಬರಿಗಳೂ ಧಾರಾಳವಾಗಿ ಕಣ್ಣೀರು ತರಿಸುತ್ತವೆ. ಅಂಥವುಗಳಲ್ಲಿ ಹಿಂಸೆಯೆಂಬುದು ಒಬ್ಬ ದುಷ್ಟನ ದುರ್ಗುಣ ಮಾತ್ರ. ಅವನು ತಿದ್ದಿಕೊಂಡರೆ ಅಥವಾ ಸತ್ತರೆ ಎಲ್ಲವೂ ನೇರ್ಪಾಯಿತು. ವಾಸ್ತವದಲ್ಲಿ ಮನೆಯೆಂಬುದು ಕೇವಲ ಇಬ್ಬರದಲ್ಲ. ಅತ್ತೆಮಾವಂದಿರು, ತವರಿನವರು, ಆಳುಕಾಳುಗಳು, ನೆರೆಹೊರೆಯವರು, ಎಲ್ಲಕ್ಕೂ ಮಿಗಿಲಾಗಿ ಮಕ್ಕಳು, ಇಷ್ಟು ಮಂದಿಯ ಕಣ್ಣೆದುರಿನಲ್ಲಿ ಒಂದು ಜೀವ ನೋಯುತ್ತದೆ. ಕಂಡವರು ಏನು ಮಾಡಿದರು? ಏನೂ ಮಾಡಲಿಲ್ಲವಾದರೆ ಅದೇಕೆ? ಈ ಪ್ರಶ್ನೆಯನ್ನು ಬಿಡದೆ ಹಿಂಬಾಲಿಸುವ ಕೃತಿಯೇ ಈ ವಿಷಯಕ್ಕೆ ನ್ಯಾಯ ಸಲ್ಲಿಸತಕ್ಕದ್ದೆಂದು ನಾವು ತಿಳಿಯುತ್ತೇವೆ.

ಮೊದಲಿಗೆ ನಮ್ಮ ಶಾಲೆಗಳಲ್ಲಿ ತಲೆಮಾರುಗಳಿಂದ ಪರಿಚಿತವಾಗಿರುವ ‘ಕೆರೆಗೆ ಹಾರ’ ಎಂಬ ಕಥನಗೀತವನ್ನೇ ತೆಗೆದುಕೊಳ್ಳೋಣ. ಮಲ್ಲನಗೌಡನು ಕಟ್ಟಿಸಿದ ಕೆರೆಗೆ ನೀರು ಬರುವುದಿಲ್ಲ. ಬಲಿ ಕೊಡಬೇಕೆಂದು ಶಾಸ್ತ್ರ ಕೇಳಿದಲ್ಲಿ ಹೇಳಿಕೆಯಾಗುತ್ತದೆ. ಹಿರಿಯ ಸೊಸೆಯನ್ನು ಕೊಟ್ಟರೆ ಮನೆಯ ಹಿರಿತನಕ್ಕೆ ಕುಂದೆಂದು ಕಿರಿಯ ಸೊಸೆ ಭಾಗೀರಥಿಯನ್ನು ಆರಿಸುತ್ತಾರೆ. ಈ ಹಾಡನ್ನು ತ್ಯಾಗದ ಕಥೆಯೆಂದು ಬೋಧಿಸುವ ರೂಢಿ ಬಹಳ ಕಡೆ ಇದೆ. ಭಾಗೀರಥಿಯ ಸ್ಥೈರ್ಯ ದೊಡ್ಡದೆಂಬುದರಲ್ಲಿ ಸಂದೇಹವಿಲ್ಲ. ಆದರೆ ಹಾಡಿನ ನಡುಭಾಗವನ್ನು ನಿಧಾನವಾಗಿ ಓದಿದವರಿಗೆ ಬೇರೊಂದು ಸಂಗತಿ ಗೋಚರಿಸುತ್ತದೆ. ಅವಳು ತವರಿಗೆ ಹೋಗುತ್ತಾಳೆ. ಮುಖ ಬಾಡಿದ್ದೇಕೆಂದು ಹೆತ್ತವರು ಕೇಳಿದಾಗ ನಿಜವನ್ನು ನುಡಿಯಲಾರದೆ, ಅತ್ತೆಮಾವಂದಿರು ತನ್ನನ್ನು ಬೇರೆ ಇಡುವರಂತೆ ಎಂದು ಮಾತ್ರ ಹೇಳುತ್ತಾಳೆ. ಅವರು ಅದೂ ಇದೂ ಕೊಡುವೆವೆಂದು ಸಮಾಧಾನಪಡಿಸುತ್ತಾರೆ, ಮುಂದಕ್ಕೆ ಕೆದಕುವುದಿಲ್ಲ. ಕಡೆಗೆ ಗೆಳತಿಯೊಬ್ಬಳ ಮುಂದೆ ಮಾತ್ರ ಅವಳ ಬಾಯಿಂದ ಸತ್ಯ ಹೊರಡುತ್ತದೆ. ಆ ಗೆಳತಿಯಾದರೂ ಬಂದದ್ದನ್ನು ತಾಳಿಕೊಳ್ಳಬೇಕೆಂಬ ಬುದ್ಧಿವಾದವನ್ನೇ ಹೇಳಿ ಕಳುಹುತ್ತಾಳೆ. ದಂಡಿನಿಂದ ಮರಳಿದ ಗಂಡನಿಗೆ ವಿಷಯ ತಿಳಿಯುವುದು ಎಲ್ಲ ಮುಗಿದ ಮೇಲೆ. ಅವನೂ ಅದೇ ಕೆರೆಗೆ ಹಾರುತ್ತಾನೆ.

ಹಾಡು ಕಟ್ಟಿದ ಹೆಂಗಸರು ಇಲ್ಲಿ ಯಾರನ್ನೂ ಬಯ್ಯುವುದಿಲ್ಲ. ಕೇಳಬಹುದಾಗಿದ್ದವರ ಬಳಿಗೆ ಅವಳನ್ನು ಒಂದೊಂದಾಗಿ ಕರೆದೊಯ್ದು, ಪ್ರತಿಯೊಂದು ಮನೆಯಿಂದಲೂ ಬರಿಗೈಯಲ್ಲಿ ಹೊರಡಿಸುತ್ತಾರೆ, ಅಷ್ಟೆ. ಬಲಿ ಕೊಟ್ಟವನು ಮಾವನಾದರೆ, ಬಲಿಗೆ ದಾರಿ ಬಿಟ್ಟವರು ಉಳಿದವರೆಲ್ಲರೂ ಎಂಬ ಅರ್ಥ ತಾನಾಗಿ ಹೊಮ್ಮುತ್ತದೆ. ಈ ಅರ್ಥವನ್ನು ಬಿಟ್ಟು ತ್ಯಾಗವನ್ನಷ್ಟೇ ಹೊಗಳುವ ಪಾಠವು ಹಾಡಿಗೂ ಅನ್ಯಾಯ, ಕೇಳುವ ಹುಡುಗಿಯರಿಗೂ ಅನ್ಯಾಯ.

ಶಿಷ್ಟಸಾಹಿತ್ಯದ ಕಡೆಗೆ ತಿರುಗಿದರೆ ಸಂಚಿಯ ಹೊನ್ನಮ್ಮನ ‘ಹದಿಬದೆಯ ಧರ್ಮ’ ಎದುರಾಗುತ್ತದೆ. ಚಿಕ್ಕದೇವರಾಜ ಒಡೆಯರ ಕಾಲದಲ್ಲಿ, ಅಂದರೆ ೧೬೭೩ರಿಂದ ೧೭೦೪ರವರೆಗಿನ ಆಳ್ವಿಕೆಯಲ್ಲಿ, ರಾಣಿವಾಸದ ಊಳಿಗದಲ್ಲಿದ್ದ ಈ ಕವಯಿತ್ರಿಯು ಸಾಂಗತ್ಯದಲ್ಲಿ ಪತಿವ್ರತೆಯ ನಡೆನುಡಿಗಳನ್ನು ವಿಧಿಸುತ್ತಾಳೆ. ಸಹನೆಯ ಉಪದೇಶವೇ ಅಲ್ಲಿ ಪ್ರಧಾನವೆಂಬುದು ನಿಜ. ಆದರೂ ಅದೇ ಕಾವ್ಯದಲ್ಲಿ, ಹೆತ್ತ ತಾಯಿಯೂ ಹೆಣ್ಣು, ಪೊರೆದವಳೂ ಹೆಣ್ಣು ಎಂದ ಮೇಲೆ ಹೆಣ್ಣೆಂದು ಹೀಗಳೆಯುವವರು ಕುರುಡರಲ್ಲವೆ ಎಂಬ ಆಶಯದ ಪ್ರಶ್ನೆಯನ್ನು ಆಕೆ ಎತ್ತಿರುವಳು. ಮಗಳನ್ನು ಮಗನಿಗಿಂತ ಕಡಿಮೆಯೆಂದು ಕಾಣುವ ಮನೆಯೇ ಮುಂದೆ ಅವಳು ಪೆಟ್ಟು ತಿಂದು ಬಂದಾಗ ಬಾಗಿಲು ತೆರೆಯಲು ಹಿಂಜರಿಯುವ ಮನೆಯಾಗುತ್ತದೆ. ಈ ಸಂಬಂಧವನ್ನು ಹೊನ್ನಮ್ಮ ಬಿಡಿಸಿ ಹೇಳದಿದ್ದರೂ ಅದರ ಬುಡವನ್ನು ಮುಟ್ಟಿರುವಳು.

ಕಾದಂಬರಿಯ ಯುಗದಲ್ಲಿ ಈ ಮನೆಯೊಳಗಿನ ಚಿತ್ರ ವಿಸ್ತಾರವಾಯಿತು. ೧೯೩೬ರಲ್ಲಿ ಪ್ರಕಟವಾದ ಕುವೆಂಪು ಅವರ ‘ಕಾನೂರು ಹೆಗ್ಗಡಿತಿ’ಯಲ್ಲಿ ಚಂದ್ರಯ್ಯಗೌಡರು ಮುಪ್ಪಿನ ಹತ್ತಿರದಲ್ಲಿ ಮೂರನೆಯ ಹೆಂಡತಿಯಾಗಿ ಸುಬ್ಬಮ್ಮನನ್ನು ತರುತ್ತಾರೆ, ಸಂಶಯವೇ ಅವರ ಕೈಯ ದೊಣ್ಣೆಯಾಗುತ್ತದೆ. ಅಲ್ಲಿ ಮನೆತುಂಬ ಜನರಿದ್ದಾರೆ. ಆದರೆ ಅನ್ನವೂ ಭೂಮಿಯೂ ಯಜಮಾನನ ಕೈಯಲ್ಲಿರುವಾಗ ಆ ಕೈಯನ್ನು ಹಿಡಿಯುವವರು ಸುಲಭವಾಗಿ ದೊರೆಯುವುದಿಲ್ಲ. ಶಿವರಾಮ ಕಾರಂತರ ‘ಮರಳಿ ಮಣ್ಣಿಗೆ’ಯಲ್ಲಿ ನಾಗವೇಣಿಯ ಗಂಡ ಲಚ್ಚನು ಹೊಡೆದದ್ದಕ್ಕಿಂತ ಕಳೆದದ್ದು ಹೆಚ್ಚು. ಓದಿಬಂದ ಮಗನೆಂಬ ಹೆಮ್ಮೆಯ ನೆರಳಿನಲ್ಲಿ ಅವನು ಆಸ್ತಿಯನ್ನು ಹಾಳುಮಾಡುತ್ತಾನೆ. ತನ್ನ ದುರ್ನಡತೆಯ ರೋಗವನ್ನು ಹೆಂಡತಿಗೆ ಅಂಟಿಸುತ್ತಾನೆ. ಹೆಣ್ಣಿನ ನೆಮ್ಮದಿಯನ್ನೂ ಆರೋಗ್ಯವನ್ನೂ ಆಧಾರವನ್ನೂ ಕೈಯೆತ್ತದೆಯೇ ಕಸಿದುಕೊಳ್ಳಬಹುದೆಂಬುದನ್ನು ಕಾರಂತರು ಎಂಟು ದಶಕಗಳ ಹಿಂದೆಯೇ ಚಿತ್ರಿಸಿದರೆಂಬುದು ಗಮನಾರ್ಹ. ಆದರೆ ಈ ಎರಡು ಮಹಾಕಾದಂಬರಿಗಳಲ್ಲಿಯೂ ಗೃಹಹಿಂಸೆಯು ವಿಶಾಲವಾದ ಬಾಳಿನ ಒಂದು ಎಳೆ ಮಾತ್ರ. ಅದನ್ನೇ ನಡುವಿನಲ್ಲಿಟ್ಟು ಬರೆದ ಕೃತಿಗಾಗಿ ನಾವು ದೂರ ಹೋಗಬೇಕಾಗಿಲ್ಲ. ಅದು ನಮ್ಮ ಕಾಸರಗೋಡಿನ ಹೊಳೆಯ ದಡದಲ್ಲಿಯೇ ಹುಟ್ಟಿತು.

ಸಾರಾ ಅಬೂಬಕರ್ ಅವರು ೧೯೩೬ರಲ್ಲಿ ಕಾಸರಗೋಡಿನಲ್ಲಿ ಜನಿಸಿ, ಇಲ್ಲಿಯ ಕನ್ನಡ ಶಾಲೆಯಲ್ಲಿಯೇ ಓದಿದವರು. ಮುಸಲ್ಮಾನ ಮನೆತನದ ಹೆಣ್ಣುಮಕ್ಕಳು ಮೇಲಿನ ತರಗತಿಗಳಿಗೆ ಹೋಗುವುದು ಅಪರೂಪವಾಗಿದ್ದ ಕಾಲವದು. ಮದುವೆಯ ನಂತರ ಅವರು ಬಹುಕಾಲ ಮಂಗಳೂರಿನಲ್ಲಿ ನೆಲೆಸಿದ್ದು, ೨೦೨೩ರ ಜನವರಿಯಲ್ಲಿ ಅಲ್ಲಿಯೇ ನಿಧನರಾದರು. ‘ಲಂಕೇಶ್ ಪತ್ರಿಕೆ’ಯಲ್ಲಿ ಧಾರಾವಾಹಿಯಾಗಿ ಬಂದ ಅವರ ‘ಚಂದ್ರಗಿರಿಯ ತೀರದಲ್ಲಿ’ ಎಂಬ ಕಾದಂಬರಿಯು ೧೯೮೪ರಲ್ಲಿ ಪುಸ್ತಕರೂಪದಲ್ಲಿ ಪ್ರಸಿದ್ಧಿಗೆ ಬಂದಿತು.

ಕಥೆಯ ಸಾರವನ್ನು ಬಲ್ಲವರು ಅನೇಕರು. ಮಹಮ್ಮದ್ ಖಾನನ ಮನೆಯಲ್ಲಿ ಅವನ ಮಾತೇ ಶಾಸನ. ಎಳೆಯ ವಯಸ್ಸಿನಲ್ಲಿ ಅವನ ಕೈಹಿಡಿದು ಬಂದ ಫಾತಿಮ್ಮ ಅಂಜಿಕೆಯಲ್ಲಿಯೇ ಬಾಳನ್ನು ಸವೆಸಿದವಳು. ಮಗಳು ನಾದಿರಾಳ ಮತ್ತು ರಶೀದನ ದಾಂಪತ್ಯ ಮಾತ್ರ ಪ್ರೀತಿಯದು. ಅವರಿಗೊಂದು ಮಗುವೂ ಇದೆ. ಹಣದ ವಿಷಯವಾಗಿ ಅಳಿಯನೊಡನೆ ಮನಸ್ತಾಪವಾದಾಗ ಖಾನನು ಮಗಳನ್ನು ಮನೆಯಲ್ಲಿಯೇ ಇರಿಸಿಕೊಂಡು, ಅವಳ ಇಚ್ಛೆಗೆ ವಿರುದ್ಧವಾಗಿ ತಲಾಖ್ ಆಗುವಂತೆ ಮಾಡುತ್ತಾನೆ. ಮುಂದೆ ಗಂಡಹೆಂಡಿರು ಮತ್ತೆ ಕೂಡಬಯಸಿದಾಗ, ಅವಳು ಮೊದಲು ಇನ್ನೊಬ್ಬನನ್ನು ಮದುವೆಯಾಗಿ ಅವನಿಂದ ಬಿಡುಗಡೆ ಪಡೆಯಬೇಕೆಂಬ ಕಟ್ಟಳೆ ಅಡ್ಡ ಬರುತ್ತದೆ. ಆ ಒಂದು ರಾತ್ರಿಯನ್ನು ಸಹಿಸಲಾರದೆ ನಾದಿರಾ ಮಸೀದಿಯ ಕೊಳದ ಪಾಲಾಗುತ್ತಾಳೆ.

ಈ ಕಾದಂಬರಿಯನ್ನು ಒಂದು ಸಮುದಾಯದ ಕಟ್ಟಳೆಯನ್ನು ಕುರಿತ ದೂರಿನಂತೆ ಮಾತ್ರ ಓದಿದವರು ಬಹಳ ಮಂದಿ. ಅದರಲ್ಲಿ ಅಂತಹ ಪ್ರತಿಭಟನೆ ಇರುವುದು ಸರಿಯೇ. ಆದರೆ ಅಷ್ಟಕ್ಕೇ ನಿಲ್ಲುವ ಓದು ಅರ್ಧ ಓದು. ನಾದಿರಾಳನ್ನು ನೋಯಿಸುವವನು ಗಂಡನಲ್ಲ, ತಂದೆ. ಪ್ರೀತಿಸುವ ಗಂಡನಿದ್ದೂ ಅವಳ ಸಂಸಾರ ಒಡೆಯುತ್ತದೆ. ‘ಒಳ್ಳೆಯ ವರ ಸಿಕ್ಕರೆ ಸಾಕು’ ಎಂದು ನಂಬಿರುವ ನಮ್ಮ ಸಮಾಜಕ್ಕೆ ಇದಕ್ಕಿಂತ ತೀಕ್ಷ್ಣವಾದ ಉತ್ತರ ಬೇಕಿಲ್ಲ. ಹೆಣ್ಣು ತಂದೆಯ ಸೊತ್ತು, ಆಮೇಲೆ ಗಂಡನ ಸೊತ್ತು ಎಂಬ ಭಾವನೆ ಇರುವ ತನಕ ಆ ಸೊತ್ತಿನ ಯಜಮಾನ ಒಳ್ಳೆಯವನೋ ಕೆಟ್ಟವನೋ ಎಂಬುದು ಅವಳ ಅದೃಷ್ಟಕ್ಕೆ ಬಿಟ್ಟ ಮಾತಾಗುತ್ತದೆ. ಭಾಗೀರಥಿಯ ಮಾವನೂ ನಾದಿರಾಳ ತಂದೆಯೂ ಬೇರೆ ಬೇರೆ ದೇವರನ್ನು ಪ್ರಾರ್ಥಿಸುವವರು. ಆದರೂ ಇಬ್ಬರೂ ಕೇಳದೆಯೇ ನಿರ್ಣಯಿಸುತ್ತಾರೆ, ಇಬ್ಬರಿಗೂ ಮನೆಯವರು ಎದುರಾಡುವುದಿಲ್ಲ, ಇಬ್ಬರ ನಿರ್ಣಯವೂ ನೀರಿನಲ್ಲಿಯೇ ಕೊನೆಗಾಣುತ್ತದೆ. ಈ ಎರಡು ಕೃತಿಗಳನ್ನು ಜೊತೆಯಲ್ಲಿಟ್ಟು ಓದಿದರೆ, ಇದು ಅವರ ಮನೆಯ ದೋಷ, ನಮ್ಮದಲ್ಲ ಎಂದು ಯಾವ ಪಂಗಡದವರೂ ನೆಮ್ಮದಿಯಿಂದಿರುವಂತಿಲ್ಲ.

ನಮ್ಮ ದೃಷ್ಟಿಯಲ್ಲಿ ಈ ಕಾದಂಬರಿಯ ಅತ್ಯಂತ ಆಳವಾದ ಪಾತ್ರ ನಾದಿರಾಳದಲ್ಲ, ಅವಳ ತಾಯಿ ಫಾತಿಮ್ಮನದು. ಅವಳು ಎಲ್ಲವನ್ನೂ ಕಾಣುವವಳು. ಮಗಳ ದುಃಖ ತನ್ನದೇ ದುಃಖವೆಂದು ಅರಿತವಳು. ಆದರೂ ಗಂಡನೆದುರು ಅವಳ ನಾಲಗೆ ಏಳುವುದಿಲ್ಲ. ಇದನ್ನು ಹೇಡಿತನವೆಂದು ತೀರ್ಪು ಕೊಡುವುದು ಸುಲಭ. ಲೇಖಕಿಯಾದರೋ ಅಂತಹ ತೀರ್ಪಿಗೆ ಮೊದಲೇ ಅವಳ ಬಾಲ್ಯವನ್ನೂ ಅವಳ ದಾಂಪತ್ಯವನ್ನೂ ನಮ್ಮ ಮುಂದಿರಿಸುತ್ತಾರೆ. ತಾನೇ ನೊಂದು ನೊಂದು ಮೂಕಿಯಾದವಳಿಂದ ಬಾಯಿ ಬೇಡುವುದು ಹೇಗೆ? ಹಿಂಸೆಯು ಒಬ್ಬಳನ್ನು ನೋಯಿಸಿ ಅಲ್ಲಿಗೇ ಮುಗಿಯುವುದಿಲ್ಲ. ಮುಂದಿನ ತಲೆಮಾರಿಗೆ ನೆರವಾಗಬಹುದಾಗಿದ್ದ ಸಾಕ್ಷಿಯನ್ನೂ ಅದು ಮೊದಲೇ ಸುಮ್ಮನಾಗಿಸಿರುತ್ತದೆ. ನೂರು ಪ್ರಬಂಧಗಳು ವಿವರಿಸಬೇಕಾದ ಈ ಸತ್ಯವನ್ನು ಸಾರಾ ಅವರು ಒಬ್ಬ ತಾಯಿಯ ಮೌನದಲ್ಲಿ ತೋರಿಸಿರುವರು.

ಕೃತಿಯಲ್ಲಿ ಕೊರತೆಗಳಿಲ್ಲವೆಂದು ನಾವು ಹೇಳುವುದಿಲ್ಲ. ಕೆಲವೆಡೆ ಲೇಖಕಿಯೇ ಪಾತ್ರಗಳ ನಡುವೆ ನಿಂತು ವಾದಿಸುವಂತೆ ಭಾಸವಾಗುತ್ತದೆ. ಅಂತ್ಯದಲ್ಲಿ ಸಾವಿನ ಹೊರತು ಬೇರೆ ದಾರಿಯೇ ಇಲ್ಲವೆಂಬ ಭಾವನೆ ಎಳೆಯ ಓದುಗರಲ್ಲಿ ಮೂಡುವ ಅಪಾಯವೂ ಇದೆ. ಆದರೆ ಭಾಷೆಯ ವಿಷಯದಲ್ಲಿ ಒಂದು ಮಾತನ್ನು ಕನ್ನಡ ಮಾಧ್ಯಮದವರಾದ ನಾವು ಮರೆಯಲಾಗದು. ಚಂದ್ರಗಿರಿ ಹೊಳೆಯನ್ನು ತುಳುನಾಡಿಗೂ ಮಲೆಯಾಳ ಸೀಮೆಗೂ ನಡುವಣ ಎಲ್ಲೆಯೆಂದು ಹಿಂದಿನಿಂದ ಎಣಿಸುತ್ತ ಬಂದಿರುವರು. ಆ ದಡದ ಮುಸಲ್ಮಾನ ಮನೆಗಳ ಒಳಮಾತು ಕನ್ನಡವಲ್ಲ. ಆದಾಗ್ಯೂ ಆ ಮನೆಗಳ ನೋವು ಮೊತ್ತಮೊದಲಿಗೆ ಕಾದಂಬರಿಯಾದದ್ದು ಲೇಖಕಿಯು ಶಾಲೆಯಲ್ಲಿ ಕಲಿತ ಕನ್ನಡದಲ್ಲಿ. ಮನೆಯೊಳಗೆ ಆಡಲಾಗದ ಮಾತಿಗೆ ಪಾಠಶಾಲೆಯ ಭಾಷೆ ಆಸರೆಯಾಯಿತೆಂದು ನಾವು ಹೇಳಿದರೆ ಅತಿಶಯೋಕ್ತಿಯಾಗಲಾರದು. ಶಾಲೆಯೆಂಬುದು ಮಗುವಿಗೆ ಮನೆಯಾಚೆಗಿನ ಮೊದಲ ಜಗತ್ತು. ಅಲ್ಲಿ ಕಲಿತ ಅಕ್ಷರ ಪರೀಕ್ಷೆಗೆ ಮಾತ್ರವಲ್ಲ, ಬಾಳಿನಲ್ಲಿ ಬಾಯಿ ತೆರೆಯುವುದಕ್ಕೂ ಒದಗುತ್ತದೆ.

ನಾಟಕರಂಗದಲ್ಲಿ ಇದೇ ವಿಷಯವನ್ನು ಬೇರೆ ಬಗೆಯಲ್ಲಿ ಹಿಡಿದದ್ದು ಗಿರೀಶ ಕಾರ್ನಾಡರ ‘ನಾಗಮಂಡಲ’. ಎ. ಕೆ. ರಾಮಾನುಜನ್ ಅವರಿಂದ ಕೇಳಿದ ಜನಪದ ಕಥೆಗಳ ಆಧಾರದ ಮೇಲೆ ೧೯೮೦ರ ದಶಕದ ಕೊನೆಯಲ್ಲಿ ಇದನ್ನು ರಚಿಸಿದರು. ಅಪ್ಪಣ್ಣನು ಹೊಸ ಹೆಂಡತಿ ರಾಣಿಯನ್ನು ಮನೆಯೊಳಗೆ ಕೂಡಿಹಾಕಿ, ಬೀಗ ಹಾಕಿಕೊಂಡು ಹೊರಟುಹೋಗುತ್ತಾನೆ. ಮಧ್ಯಾಹ್ನ ಬಂದು, ಮಿಂದು, ಉಂಡು, ಮತ್ತೆ ಬೀಗ ಹಾಕುತ್ತಾನೆ. ಊರಿನಲ್ಲಿ ಆ ಬೀಗವನ್ನು ಗುರುತಿಸಿ ಕಿಟಕಿಯ ಬಳಿ ಬಂದು ಮಾತಾಡಿಸುವವಳು ಕುರುಡವ್ವ ಒಬ್ಬಳೇ. ಕಣ್ಣಿದ್ದವರಿಗೆ ಕಾಣದ ಬೀಗ ಕಣ್ಣಿಲ್ಲದವಳಿಗೆ ತಿಳಿಯಿತು. ಅಷ್ಟು ದಿನ ರಾಣಿ ಸೆರೆಯಲ್ಲಿದ್ದಾಗ ಸೇರದ ಪಂಚಾಯಿತಿಯು, ಅವಳ ಶೀಲದ ಮೇಲೆ ಗಂಡನು ದೂರಿತ್ತ ಕೂಡಲೇ ಸೇರುತ್ತದೆ. ಹೆಣ್ಣಿನ ನೋವು ಮನೆಯ ವಿಷಯ, ಹೆಣ್ಣಿನ ಶೀಲ ಊರಿನ ವಿಷಯ ಎಂಬ ಈ ಇಬ್ಬಗೆಯನ್ನು ನಾಟಕವು ಒಂದೇ ಏಟಿಗೆ ಬಯಲಿಗೆಳೆದಿದೆ. ಆದರೆ ಅದರ ಪರಿಹಾರ ನಾಗರಹಾವಿನ ಪವಾಡದಿಂದ ಒದಗತಕ್ಕದ್ದು. ಜನಪದ ಕಥೆಗೆ ಅದು ಸಹಜ, ಚೆಲುವೂ ಹೌದು. ನಿಜವಾದ ಮನೆಗಳಿಗೆ ನಾಗಪ್ಪ ಬರುವುದಿಲ್ಲವಾದ್ದರಿಂದ, ಪವಾಡವಿಲ್ಲದ ಕಡೆ ಪಂಚರು ಏನು ಮಾಡುತ್ತಿದ್ದರೆಂಬ ಪ್ರಶ್ನೆಯನ್ನು ಪ್ರೇಕ್ಷಕರು ಮನೆಗೆ ಕೊಂಡೊಯ್ಯಬೇಕಾಗುತ್ತದೆ.

ಆ ಪ್ರಶ್ನೆಯನ್ನು ಪವಾಡವಿಲ್ಲದೆಯೇ ಎದುರಿಸಿದವರು ಹಾಸನದ ಬಾನು ಮುಷ್ತಾಕ್. ಅವರ ಹನ್ನೆರಡು ಕಥೆಗಳನ್ನು ದೀಪಾ ಭಾಸ್ತಿಯವರು ‘ಹಾರ್ಟ್ ಲ್ಯಾಂಪ್’ ಎಂಬ ಹೆಸರಿನಲ್ಲಿ ಇಂಗ್ಲಿಷಿಗೆ ತಂದರು. ಆ ಸಂಕಲನಕ್ಕೆ ೨೦೨೫ರಲ್ಲಿ ಅಂತಾರಾಷ್ಟ್ರೀಯ ಬೂಕರ್ ಪ್ರಶಸ್ತಿ ಸಂದಿತು. ಪ್ರಶಸ್ತಿಯ ಸಂಭ್ರಮದಲ್ಲಿ ಕಥೆಗಳು ಮರೆಯಾಗಬಾರದು. ‘ಎದೆಯ ಹಣತೆ’ಯಲ್ಲಿ ಗಂಡನಿಂದ ತಿರಸ್ಕೃತಳಾದ ಮೆಹರುನ್ ಕೂಸನ್ನೆತ್ತಿಕೊಂಡು ತವರಿಗೆ ಬರುತ್ತಾಳೆ. ಮನೆತನದ ಮರ್ಯಾದೆಯ ಹೆಸರಿನಲ್ಲಿ ಒಡಹುಟ್ಟಿದವರೇ ಅವಳನ್ನು ಹಿಂದಕ್ಕೆ ಕರೆತಂದು ಬಿಡುತ್ತಾರೆ. ಆ ರಾತ್ರಿ ಅವಳು ಸೀಮೆಯೆಣ್ಣೆ ಸುರಿದುಕೊಂಡು ನಿಂತಾಗ ತಡೆಯುವವಳು ಎಳೆಯ ಮಗಳು ಸಲ್ಮಾ. ಭಾಗೀರಥಿಯ ತವರಿಗೂ ಮೆಹರುನಳ ತವರಿಗೂ ಹೆಚ್ಚಿನ ಅಂತರವಿಲ್ಲ. ಅಂತರವಿರುವುದು ಕಡೆಯಲ್ಲಿ ಎಚ್ಚರವಾಗಿದ್ದ ಒಂದು ಮಗುವಿನಲ್ಲಿ. ಹಿರಿಯರು ಕೈಬಿಟ್ಟ ಹೊಣೆ ಅಷ್ಟು ಚಿಕ್ಕ ಹೆಗಲಿಗೆ ಬಿತ್ತಲ್ಲ ಎಂಬ ಸಂಕಟವನ್ನು ಈ ಕಥೆ ಓದುಗರಲ್ಲಿ ಉಳಿಸುತ್ತದೆ. ಗಿರೀಶ ಕಾಸರವಳ್ಳಿಯವರ ‘ಹಸೀನಾ’ ಚಿತ್ರಕ್ಕೆ (೨೦೦೪) ಮೂಲವಾದ ‘ಕರಿ ನಾಗರಗಳು’ ಇನ್ನೂ ಒಂದು ಹೆಜ್ಜೆ ಮುಂದೆ ಹೋಗುತ್ತದೆ. ಹೆಣ್ಣುಮಕ್ಕಳನ್ನೇ ಹೆತ್ತಳೆಂದು ಗಂಡ ಬಿಟ್ಟ ಹೆಂಗಸು ನ್ಯಾಯ ಬೇಡಿ ಜಮಾತಿನ ಹಿರಿಯನ ಬಾಗಿಲಿಗೆ ಹೋದರೆ ಅವನು ಕಿವುಡನಾಗುತ್ತಾನೆ. ಕೊನೆಗೆ ಕೇರಿಯ ಹೆಂಗಸರು ಬಾಯಿಬಿಡುತ್ತಾರೆ. ಅವರ ಶಾಪ ಬೀಳುವುದು ಹೊಡೆದವನ ಮೇಲೆ ಮಾತ್ರವಲ್ಲ, ಕೇಳಿಸಿಕೊಳ್ಳದ ಹಿರಿಯನ ಮೇಲೆಯೂ. ಕಂಡು ಸುಮ್ಮನಿದ್ದವನನ್ನು ಹೆಸರಿಡಿದು ಕರೆದ ಕಥೆಗಳಲ್ಲಿ ಇದಕ್ಕೆ ವಿಶಿಷ್ಟ ಸ್ಥಾನವಿದೆ.

ಇಷ್ಟು ಕೃತಿಗಳು ಹೇಳುತ್ತ ಬಂದದ್ದನ್ನು ಶಾಸನವು ತಡವಾಗಿಯಾದರೂ ಒಪ್ಪಿಕೊಂಡಿತು. ಹೆಂಡತಿಯ ಮೇಲೆ ಗಂಡನೂ ಅವನ ಬಂಧುಗಳೂ ನಡೆಸುವ ಕ್ರೌರ್ಯವು ೧೯೮೩ರಲ್ಲಿ ಪ್ರತ್ಯೇಕ ಅಪರಾಧವೆನಿಸಿತು. ೨೦೦೫ರ ಕೌಟುಂಬಿಕ ಹಿಂಸೆಯ ಅಧಿನಿಯಮವು ೨೦೦೬ರ ಅಕ್ಟೋಬರಿನಲ್ಲಿ ಜಾರಿಗೆ ಬಂದು, ಮೈಗೆ ಮಾಡುವ ಗಾಯವನ್ನಲ್ಲದೆ ಲೈಂಗಿಕ ಬಲಾತ್ಕಾರ, ಬೈಗುಳ ಮತ್ತು ಮಾನಸಿಕ ಪೀಡೆ, ಹಣಕಾಸಿನ ವಂಚನೆ ಇವುಗಳನ್ನೂ ಹಿಂಸೆಯೆಂದು ಎಣಿಸಿತು. ನಾಗವೇಣಿಯ ಕಷ್ಟಕ್ಕೂ ರಾಣಿಯ ಬೀಗಕ್ಕೂ ಆಗ ಕಾನೂನಿನಲ್ಲಿ ಹೆಸರು ದೊರೆಯಿತು. ಒಂದೇ ಉಸಿರಿನ ಮೂರು ತಲಾಖನ್ನು ಸರ್ವೋಚ್ಚ ನ್ಯಾಯಾಲಯವು ೨೦೧೭ರಲ್ಲಿ ತಳ್ಳಿಹಾಕಿತು. ೨೦೧೯ರಲ್ಲಿ ಅದು ಶಿಕ್ಷಾರ್ಹವೆಂಬ ಕಾಯಿದೆಯೂ ಆಯಿತು. ನಮ್ಮ ವಿಷಯಕ್ಕೆ ಹೆಚ್ಚು ಸಂಬಂಧಪಟ್ಟದ್ದು ೨೦೦೫ರ ಅಧಿನಿಯಮದ ನಾಲ್ಕನೆಯ ಕಲಮು. ಹಿಂಸೆ ನಡೆದಿದೆ, ನಡೆಯುತ್ತಿದೆ ಅಥವಾ ನಡೆಯಲಿದೆಯೆಂದು ನಂಬಲು ಕಾರಣವಿರುವ ಯಾವ ವ್ಯಕ್ತಿಯೂ ಸಂರಕ್ಷಣಾಧಿಕಾರಿಗೆ ತಿಳಿಸಬಹುದು. ಪ್ರಾಮಾಣಿಕವಾಗಿ ತಿಳಿಸಿದವರ ಮೇಲೆ ಅದಕ್ಕಾಗಿ ವ್ಯಾಜ್ಯ ಹೂಡುವಂತಿಲ್ಲ. ನೊಂದವಳೇ ಬರಬೇಕೆಂಬ ನಿರ್ಬಂಧವಿಲ್ಲ. ಭಾಗೀರಥಿಯ ಗೆಳತಿಗೂ ಫಾತಿಮ್ಮನ ನೆರೆಯವರಿಗೂ ಇಲ್ಲದಿದ್ದ ದಾರಿಯೊಂದು ಇಂದಿನವರಿಗೆ ಇದೆಯೆಂಬುದೇ ಇದರ ತಾತ್ಪರ್ಯ.

ಅಧ್ಯಾಪಕ ಬಂಧುಗಳಲ್ಲಿ ನಮ್ಮ ವಿನಂತಿ ಇಷ್ಟೇ. ಇಂತಹ ಪಾಠವನ್ನು ಮಾಡುವಾಗ ತರಗತಿಯ ಯಾವುದೋ ಬೆಂಚಿನಲ್ಲಿ ಅಂತಹ ಮನೆಯಿಂದಲೇ ಬಂದ ಮಗುವೊಂದು ಕುಳಿತಿರಬಹುದೆಂಬುದನ್ನು ನೆನಪಿನಲ್ಲಿಡಬೇಕು. ‘ಭಾಗೀರಥಿಯ ತ್ಯಾಗವನ್ನು ವರ್ಣಿಸಿರಿ’ ಎಂಬ ಪ್ರಶ್ನೆಯ ಜೊತೆಗೆ ‘ಗೆಳತಿಯು ಬೇರೆ ಏನು ಹೇಳಬಹುದಾಗಿತ್ತು?’ ಎಂಬುದನ್ನೂ ಕೇಳಬೇಕು. ಮೊದಲ ಪ್ರಶ್ನೆಗೆ ಉತ್ತರ ಮಾರ್ಗದರ್ಶಿಯಲ್ಲಿ ಸಿಕ್ಕೀತು. ಎರಡನೆಯದಕ್ಕೆ ಮಕ್ಕಳು ತಾವೇ ಯೋಚಿಸಬೇಕಾಗುತ್ತದೆ. ಯಾವ ಮಗುವನ್ನೂ ಎಲ್ಲರೆದುರು ಮನೆಯ ವಿಷಯ ಹೇಳೆಂದು ಒತ್ತಾಯಿಸಬಾರದು. ತಾನಾಗಿ ಬಂದು ಹೇಳಿದರೆ ಗಾದೆ ಹೇಳಿ ಕಳುಹಲೂಬಾರದು. ಮಕ್ಕಳ ನೆರವಿಗೆ ೧೦೯೮, ಹೆಂಗಸರ ನೆರವಿಗೆ ೧೮೧ ಎಂಬ ದೂರವಾಣಿ ಸಂಖ್ಯೆಗಳನ್ನು ಶಾಲೆಯ ಗೋಡೆಯ ಮೇಲೆ ಬರೆದಿಟ್ಟರೆ ಅದೂ ಪಾಠದ ಒಂದು ಭಾಗವೇ.

ವಿದ್ಯಾರ್ಥಿಗಳಿಗೆ ಹೇಳುವುದಾದರೆ, ಈ ಪುಸ್ತಕಗಳನ್ನು ಅಳುವುದಕ್ಕಾಗಿ ಓದಬೇಡಿರಿ. ಪ್ರತಿಯೊಂದು ಕಥೆಯಲ್ಲಿಯೂ ಬಾಗಿಲ ಬಳಿ ನಿಂತವರನ್ನು ಹುಡುಕಿರಿ. ಅವರ ಜಾಗದಲ್ಲಿ ನೀವಿದ್ದರೆ ಏನು ಮಾಡುತ್ತಿದ್ದಿರಿ ಎಂಬುದನ್ನು ಯೋಚಿಸಿ ನಿಮ್ಮ ಉತ್ತರವನ್ನು ಬರೆದಿಡಿರಿ. ಅಂತಹ ಬರಹಗಳು ನಮ್ಮ ಪತ್ರಿಕೆಗೆ ಬಂದರೆ ಸಂತೋಷದಿಂದ ಅಚ್ಚುಹಾಕುವೆವು.